ಎಲ್ಲಿಗೆ, ಎಲ್ಲಿಂದ, ಯಾತಕ್ಕೆ?

ಹೋದ ಸಂಚಿಕೆಯ ಕೊನೆಯಲ್ಲಿ ಸುಮ್ನೆ ಒಂದು ಸಾಲು ಬರೆದಿದ್ದೆ: ‘ಈಗ ಯಾರೂ ಆಡದ ಹಳೇ ಇಂಗ್ಲಿಷ್ ಕ್ರಿಯಾವಿಶೇಷಣಗಳು ನಿಮ್ಮ ಕಣ್ಣಿಗೆ ಬಿದ್ದಿದ್ದರೆ ಕೇಳಿ.’ ಎರಡು ಪತ್ರ ಬಂದರೆ ಪುಣ್ಯ ಅಂದುಕೊಂಡಿದ್ದೆ. ಸಂಪಾದಕರು ಒಂದು ಕಟ್ಟನ್ನೇ ಮನೆಗೆ ಕಳಿಸಿದರು. ಕ್ರಿಯಾವಿಶೇಷಣ ಅಂದ ಕೂಡಲೇ ಹೈಸ್ಕೂಲಿನ ಮಧ್ಯಾಹ್ನದ ಪೀರಿಯಡ್ ನೆನಪಾಗಿ ಆಕಳಿಕೆ ಬರುವವರಿಗೆ ಒಂದು ಮಾತು: ಎಲ್ಲಿ, ಯಾವಾಗ, ಹೇಗೆ, ಯಾಕೆ ಅನ್ನೋದನ್ನು ಹೇಳುವ ಪದ, ಅಷ್ಟೇ. ಹೆದರಬೇಡಿ.

ಬಾಡಿಗೆ ಮನೆಯ ಕರಾರಿಗೆ ಸಹಿ ಹಾಕಬೇಕು. ಹನ್ನೊಂದು ತಿಂಗಳ ಕರಾರು, ನಾಲ್ಕು ಪುಟ. ಸಾಲಿಗೊಂದು ‘ಹಿಯರಿನಾಫ್ಟರ್’, ‘ದೇರಾಫ್’, ‘ಹಿಯರ್‌ಟು’. ಬ್ರೋಕರನ್ನು ಕೇಳಿದರೆ ‘ಅದೆಲ್ಲ ಫಾರ್ಮಾಲಿಟಿ ಸಾರ್, ಸೈನ್ ಹಾಕಿ’ ಅಂತಾನೆ. ಇವಕ್ಕೆ ನಿಜವಾಗಿ ಅರ್ಥ ಇದೆಯಾ?
*— ವಿಜಯನಗರದ ಓದುಗರು*

ಇದೆ. ಸಹಿಗೆ ಮುಂಚೆ ಕೇಳಿದಿರಿ, ಒಳ್ಳೆಯದಾಯಿತು.

ನಮ್ಮಪ್ಪ ಟೈಪಿಸ್ಟ್. ಸಂಬಳದ ಟೈಪಿಸ್ಟ್ ಅಲ್ಲ. ಕೆ.ಜಿ. ರಸ್ತೆಯಲ್ಲಿ, ಕಂದಾಯ ಭವನದ ಆಸುಪಾಸಿನಲ್ಲಿ ಒಂದು ಸಣ್ಣ ಮೇಜು, ಅದರ ಮೇಲೊಂದು ರೆಮಿಂಗ್ಟನ್, ಅದರ ಮೇಲೊಂದು ಕರೀ ಕೊಡೆ. ಕ್ರಯಪತ್ರ, ಭೋಗ್ಯಪತ್ರ, ಅಫಿಡವಿಟ್, ಬಾಡಿಗೆ ಕರಾರು, ಯಾವುದು ಬಂದರೂ ಟಕಟಕ. ಶನಿವಾರ ಅರ್ಧ ದಿನ ಸ್ಕೂಲ್. ಊಟದ ಕ್ಯಾರಿಯರ್ ಕೊಡೋಕೆ ಹೋದವನು ಸಂಜೆ ತನಕ ಅಲ್ಲೇ ಕೂರುತ್ತಿದ್ದೆ. ಕಾರ್ಬನ್ ಹಾಳೆ ಜೋಡಿಸೋದು ನನ್ನ ಕೆಲಸ. ಬೆರಳೆಲ್ಲ ನೀಲಿ. ಹೀಗಾಗಿ ನಾನು ಇಂಗ್ಲಿಷಿನಲ್ಲಿ ಕಲಿತ ಮೊದಲ ಉದ್ದದ ಪದ ‘ಎಲಿಫೆಂಟ್’ ಅಲ್ಲ, ‘ಹಿಯರಿನಾಫ್ಟರ್’.

ಅಪ್ಪ ಓದಿದ್ದು ಎಸ್ಸೆಸ್ಸೆಲ್ಸಿ. ಆದರೆ ಅವರು ಹೇಳಿಕೊಟ್ಟ ಸೂತ್ರವನ್ನೇ ನಾನು ಮೂವತ್ತು ವರ್ಷ ಕಾಲೇಜಿನಲ್ಲಿ ಪಾಠ ಮಾಡಿದೆ: “ಹಿಯರ್ ಅಂದ್ರೆ ಈ ಕಾಗದ. ದೇರ್ ಅಂದ್ರೆ ಆಗ್ಲೇ ಹೇಳಿದ ಸಾಮಾನು. ಅಷ್ಟೇ ಕಣೋ ಇಂಗ್ಲಿಷು.”

ಈಗ ನಿಮ್ಮ ಕರಾರು ತೆಗೆಯಿರಿ. ‘ಹಿಯರ್’ ಇರುವ ಕಡೆ ‘ಇದು’ ಅಂತ ಓದಿ, ‘ದೇರ್’ ಇರುವ ಕಡೆ ‘ಅದು’, ‘ವೇರ್’ ಇರುವ ಕಡೆ ‘ಯಾವುದು’. ಹಿಂದೆ ಅಂಟಿಕೊಂಡಿರುವ ಬಾಲಕ್ಕೆ ನಮ್ಮ ವಿಭಕ್ತಿ ಹಚ್ಚಿ. ‘ದೇರಿನ್’ ಅಂದರೆ ಅದರೊಳಗೆ. ‘ದೇರಾಫ್’ ಅಂದರೆ ಅದರ. ‘ದೇರ್‌ಬೈ’, ಅದರಿಂದ. ‘ದೇರ್‌ವಿತ್’, ಅದರ ಜೊತೆ. ‘ಹಿಯರ್‌ಟು’, ಇದಕ್ಕೆ. ‘ಹಿಯರಿನಾಫ್ಟರ್’, ಇದರಲ್ಲಿ ಇನ್ನು ಮುಂದೆ.

ಇಲ್ಲೊಂದು ತಮಾಷೆ ಇದೆ. ಸಾಧಾರಣ ಇಂಗ್ಲಿಷಿನಲ್ಲಿ ‘ಇನ್ ಇಟ್’ ಅನ್ನಬೇಕು. ಮೊದಲು ‘ಒಳಗೆ’, ಆಮೇಲೆ ‘ಅದರ’. ನಮಗೆ ಅದು ತಲೆಕೆಳಗು. ಆದರೆ ‘ದೇರಿನ್’ ಇದೆಯಲ್ಲ, ಅದು ಮೊದಲು ‘ಅದರ’ ಅನ್ನುತ್ತೆ, ಆಮೇಲೆ ‘ಒಳಗೆ’. ಪಕ್ಕಾ ಕನ್ನಡದ ಜೋಡಣೆ. ಈಗಿನ ಇಂಗ್ಲಿಷಿನವರು ಈ ಪದಗಳನ್ನು ನೋಡಿ ಮೂಗು ಮುರಿಯುತ್ತಾರೆ, ವಕೀಲರ ಕಾಟ ಅಂತಾರೆ. ನಮಗೆ ಮಾತ್ರ ಇವು ಅವರ ಹೊಸ ಇಂಗ್ಲಿಷಿಗಿಂತ ಹತ್ತಿರದ ನೆಂಟರು. ಜರ್ಮನ್ನರು ‘ಡಾರಿನ್’ ಅಂತ ಇದನ್ನೇ ಇವತ್ತಿಗೂ ದಿನಬಳಕೆಯಲ್ಲಿ ಇಟ್ಟುಕೊಂಡಿದ್ದಾರೆ. ಇಂಗ್ಲಿಷಿನವರು ಮಾತಿನಿಂದ ತೆಗೆದು ಕೋರ್ಟಿನ ಅಟ್ಟಕ್ಕೆ ಹಾಕಿದರು.

ಇನ್ನು ಫಾರ್ಮಾಲಿಟಿ ವಿಷಯ. ‘ಬಾಡಿಗೆದಾರ ಮನೆಯನ್ನಾಗಲಿ ಎನಿ ಪಾರ್ಟ್ ದೇರಾಫ್ ಆಗಲಿ ಒಳಬಾಡಿಗೆಗೆ ಕೊಡಕೂಡದು’ ಅಂತ ಒಂದು ಸಾಲು ನಿಮ್ಮ ಕರಾರಿನಲ್ಲಿ ಇದ್ದೇ ಇರುತ್ತೆ. ‘ಅದರ ಯಾವ ಭಾಗವನ್ನೂ’ ಅಂತ ಅರ್ಥ. ಅಂದರೆ ಒಂದು ರೂಮಿಗೆ ಪೇಯಿಂಗ್ ಗೆಸ್ಟ್ ಇಟ್ಟುಕೊಳ್ಳೋ ಆಸೆ ಇದ್ದರೆ ಆ ಒಂದು ಪದ ನಿಮ್ಮ ಕೈ ಕಟ್ಟಿದೆ. ಇನ್ನೊಂದು ಕಡೆ ‘ಟರ್ಮ್ಸ್ ಹಿಯರಾಫ್’ ಅಂತ ಇದ್ದರೆ ಈ ಕರಾರಿನ ಷರತ್ತು. ‘ಟರ್ಮ್ಸ್ ದೇರಾಫ್’ ಅಂತ ಇದ್ದರೆ ಅದರ ಹಿಂದಿನ ಸಾಲಿನಲ್ಲಿ ಹೇಳಿದ ಬೇರೆ ಯಾವುದೋ ಕಾಗದದ ಷರತ್ತು. ಆ ಬೇರೆ ಕಾಗದವನ್ನು ನೀವು ನೋಡೇ ಇಲ್ಲ ಅಂದರೆ ಸಹಿ ಹಾಕಬೇಡಿ. ಪೆನ್ ಮುಚ್ಚಿ, ‘ತೋರಿಸಿ’ ಅನ್ನಿ.

ಅಂದ ಹಾಗೆ ಹನ್ನೊಂದೇ ತಿಂಗಳು ಯಾಕೆ ಗೊತ್ತಲ್ವಾ? 1908ರ ನೋಂದಣಿ ಕಾಯ್ದೆಯ 17ನೇ ಕಲಂ ಪ್ರಕಾರ ಒಂದು ವರ್ಷ ಮೀರಿದ ಗುತ್ತಿಗೆಯನ್ನು ರಿಜಿಸ್ಟರ್ ಮಾಡಿಸಲೇಬೇಕು. ಅದರ ಖರ್ಚು ಓಡಾಟ ತಪ್ಪಿಸಿಕೊಳ್ಳೋಕೆ ಒಂದು ತಿಂಗಳು ಕಮ್ಮಿ.

ಕನ್ನಡದ ಪತ್ರಗಳೇನೂ ಕಮ್ಮಿ ಇಲ್ಲ. ‘ಸದರಿ’, ‘ಮೇಲ್ಕಂಡ’, ‘ಬರೆಸಿಕೊಟ್ಟ ಶುದ್ಧ ಕ್ರಯಪತ್ರದ ಕ್ರಮವೇನೆಂದರೆ’. ಆ ‘ಕ್ರಮವೇನೆಂದರೆ’ ಬಂದ ಕೂಡಲೇ ಅಪ್ಪ ಬೆನ್ನು ನೆಟ್ಟಗೆ ಮಾಡಿಕೊಳ್ಳುತ್ತಿದ್ದರು. ಅಲ್ಲಿಂದ ಮುಂದೆ ತಪ್ಪಾದರೆ ಹಾಳೆ ಹರಿದು ಮತ್ತೆ ಶುರು. ರಬ್ಬರ್ ಹಚ್ಚಿದ ಕ್ರಯಪತ್ರ ಯಾರಿಗೆ ಬೇಕು?

‘ಹಿದರ್’, ‘ದಿದರ್’, ‘ವಿದರ್’, ‘ಹೆನ್ಸ್’, ‘ದೆನ್ಸ್’, ‘ವೆನ್ಸ್’, ಇವುಗಳ ವ್ಯತ್ಯಾಸ ನನಗೆ ಯಾವತ್ತೂ ನೆನಪಿರಲ್ಲ. ಸುಲಭವಾಗಿ ಹೇಳಿ.
*— ಯಲಹಂಕದ ಬಿ.ಎ. ವಿದ್ಯಾರ್ಥಿನಿ*

ಬಿ.ಎಂ.ಟಿ.ಸಿ. ಬಸ್ ಹತ್ತಿ. ಕಂಡಕ್ಟರ್ ಬಂದು “ಎಲ್ಲಿಂದ? ಎಲ್ಲಿಗೆ?” ಅಂತ ಕೇಳುತ್ತಾರೆ. ಅದೇ ‘ವೆನ್ಸ್? ವಿದರ್?’ ಪಾಠ ಮುಗಿಯಿತು.

ಪೂರ್ತಿ ಪಟ್ಟಿ ಬೇಕೇ ಬೇಕು ಅಂದರೆ: ಹಿಯರ್ ಇಲ್ಲಿ, ಹಿದರ್ ಇಲ್ಲಿಗೆ, ಹೆನ್ಸ್ ಇಲ್ಲಿಂದ. ದೇರ್ ಅಲ್ಲಿ, ದಿದರ್ ಅಲ್ಲಿಗೆ, ದೆನ್ಸ್ ಅಲ್ಲಿಂದ. ವೇರ್ ಎಲ್ಲಿ, ವಿದರ್ ಎಲ್ಲಿಗೆ, ವೆನ್ಸ್ ಎಲ್ಲಿಂದ. ಮೂರು ಮೂರಲಿ ಒಂಬತ್ತು. ನಾವು ಇ, ಅ, ಎ ಅಕ್ಷರ ಬದಲಾಯಿಸಿದ ಹಾಗೆ ಅವರು ಎಚ್, ಟಿ-ಎಚ್, ಡಬ್ಲ್ಯು-ಎಚ್ ಬದಲಾಯಿಸುತ್ತಿದ್ದರು. ಬಾಲ ಮಾತ್ರ ಅದೇ.

ಈಗಿನ ಇಂಗ್ಲಿಷಿನಲ್ಲಿ ಒಂಬತ್ತರಲ್ಲಿ ಮೂರೇ ಮಾತಿನಲ್ಲಿ ಉಳಿದಿವೆ. ‘ಎಲ್ಲಿಗೆ ಹೋಗ್ತೀಯ’ ಅನ್ನೋಕೂ ‘ವೇರ್’, ‘ಎಲ್ಲಿದ್ದೀಯ’ ಅನ್ನೋಕೂ ‘ವೇರ್’. ನಾನು ಹೈಸ್ಕೂಲಿನಲ್ಲಿ ‘ಟು ವೇರ್ ಆರ್ ಯು ಗೋಯಿಂಗ್’ ಅಂತ ಬರೆದು ಕೈಗೆ ಏಟು ತಿಂದಿದ್ದೆ. ‘ಟು’ ಜಾಸ್ತಿಯಂತೆ. ಎಲ್ಲಿ ಬೇರೆ, ಎಲ್ಲಿಗೆ ಬೇರೆ ಅಂತ ನನ್ನ ಕನ್ನಡದ ತಲೆ ಹೇಳುತ್ತಿತ್ತು. ನಾನೂರು ವರ್ಷ ಮುಂಚೆ ಹುಟ್ಟಿ ‘ವಿದರ್’ ಅಂತ ಬರೆದಿದ್ದರೆ ಏಟು ತಪ್ಪುತ್ತಿತ್ತು.

‘ಹೆನ್ಸ್’ ಸತ್ತಿಲ್ಲ, ಜಾಗ ಬದಲಾಯಿಸಿದೆ. ‘ಇಲ್ಲಿಂದ’ ಅನ್ನೋದು ‘ಇದರಿಂದ’, ‘ಆದ್ದರಿಂದ’ ಅಂತ ಆಗಿ ಗಣಿತದ ಪುಸ್ತಕದಲ್ಲಿ ಆರಾಮಾಗಿದೆ. ‘ಹೆನ್ಸ್ ಪ್ರೂವ್ಡ್’ ಬರೆಯದೆ ಎಸ್ಸೆಸ್ಸೆಲ್ಸಿ ದಾಟಿದವರು ಯಾರು? ‘ಹಿದರ್’ ಒಂಟಿಯಾಗಿ ಸಿಗೋದು ಅಪರೂಪ. ‘ಹಿದರ್‌ಟು’ ಅಂತ ಬಾಲ ಹಚ್ಚಿಕೊಂಡರೆ ಇಲ್ಲಿಯವರೆಗೆ. ‘ಹಿದರ್ ಆ್ಯಂಡ್ ದಿದರ್’ ಅಂದರೆ ನಮ್ಮ ಅತ್ತಿತ್ತ. ಕನ್ನಡದ ಇತ್ತ, ಅತ್ತ, ಎತ್ತ ಅನ್ನೋ ಮೂರಕ್ಕೆ ಇವು ಇನ್ನೂ ಚೆನ್ನಾಗಿ ಕೂರುತ್ತವೆ. ಮಾಮರ, ಕೋಗಿಲೆ ಅಂತ ಅಲ್ಲಮ ಹೇಳಿದ ‘ಎತ್ತಣಿಂದೆತ್ತ’ ಅನ್ನೋ ಒಂದು ಪದವನ್ನು ಇಂಗ್ಲಿಷಿಗೆ ತರಬೇಕಾದರೆ ‘ವೆನ್ಸ್’, ‘ವಿದರ್’ ಎರಡೂ ಬೇಕು. ಈಗಿನ ಇಂಗ್ಲಿಷಿನಲ್ಲಿ ಒದ್ದಾಡಬೇಕು.

ಒಂದು ಎಚ್ಚರಿಕೆ. ‘ವೆನ್ಸ್’ ಒಳಗೇ ‘ಇಂದ’ ಇದೆ. ಹಾಗಾಗಿ ‘ಫ್ರಂ ವೆನ್ಸ್’ ಅಂದರೆ ‘ಎಲ್ಲಿಂದದಿಂದ’ ಅಂದ ಹಾಗೆ. 1755ರ ತನ್ನ ನಿಘಂಟಿನಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ಇದನ್ನು ಕೆಟ್ಟ ಚಾಳಿ ಅಂತ ಬೈದ. ಆದರೆ 1611ರ ಕಿಂಗ್ ಜೇಮ್ಸ್ ಬೈಬಲ್ಲಿನ 121ನೇ ಕೀರ್ತನೆಯಲ್ಲೇ ‘ಫ್ರಂ ವೆನ್ಸ್’ ಇದೆ. ಬೈಬಲ್ಲಿಗೆ ಕೆಂಪು ಇಂಕು ಹಚ್ಚೋಕಾಗುತ್ತಾ? ನಾವೂ ‘ನಟ್ಟನಡು ಮಧ್ಯದಲ್ಲಿ’ ಅಂತೀವಿ, ‘ಮತ್ತೆ ಪುನಃ’ ಅಂತೀವಿ. ಬಿಡಿ.

ಇದಕ್ಕೇ ಸೇರಿದ ‘ಯಾಂಡರ್’ ಬಗ್ಗೆ ಯಾರೂ ಕೇಳಲಿಲ್ಲ, ನಾನೇ ಹೇಳ್ತೀನಿ. ಅಗೋ ಆ ಕಡೆ, ದೂರದಲ್ಲಿ, ಆದರೆ ಕಣ್ಣಿಗೆ ಕಾಣುವ ಹಾಗೆ, ಅಂತ ಅರ್ಥ. ಹಿಂದೆ ಇಂಗ್ಲಿಷಿನಲ್ಲಿ ದಿಸ್, ದಟ್, ಯಾನ್ ಅಂತ ಮೂರು ದೂರ ಇತ್ತು. ಹಳಗನ್ನಡದಲ್ಲೂ ಮೂರಿತ್ತು: ಇವಂ, ಉವಂ, ಅವಂ. ಹತ್ತಿರದವನು, ನಡುವೆ ಇರುವವನು, ದೂರದವನು. ಅವರು ದೂರದವನನ್ನು ಕಳಕೊಂಡರು, ನಾವು ನಡುವಿನವನನ್ನು.

‘ವೇರ್‌ಫೋರ್ ಆರ್ಟ್ ದೌ ರೋಮಿಯೋ’ ಅಂದರೆ ‘ರೋಮಿಯೋ, ಎಲ್ಲಿದ್ದೀಯ’ ಅಂತ ತಾನೆ?
*— ರಾಜಾಜಿನಗರದಿಂದ ಒಬ್ಬರು*

ಅಲ್ಲ. ಮೊಮ್ಮಗಳ ಶಾಲೆಯ ವಾರ್ಷಿಕೋತ್ಸವದಲ್ಲಿ ಜೂಲಿಯೆಟ್ ಆದ ಹುಡುಗಿ ಈ ಮಾತು ಹೇಳುತ್ತಾ ಹಣೆಗೆ ಕೈ ಅಡ್ಡ ಇಟ್ಟು ಆ ಕಡೆ ಈ ಕಡೆ ಹುಡುಕಿದಳು, ಪಾಪ. ಬಾಲ್ಕನಿಯ ಕೆಳಗೇ ರೋಮಿಯೋ ನಿಂತಿದ್ದ. ಮುಂದಿನ ಸಾಲಿನಲ್ಲಿದ್ದ ಒಬ್ಬ ತಾಯಿ “ಅಲ್ಲೇ ಇದಾನೆ ನೋಡಮ್ಮ” ಅಂದರು.

ಅಪ್ಪನ ಸೂತ್ರ ಹಚ್ಚಿ ನೋಡಿ. ‘ದೇರ್‌ಫೋರ್’ ಅಂದರೆ ಅದಕ್ಕೆ. ‘ವೇರ್‌ಫೋರ್’ ಅಂದರೆ ಯಾತಕ್ಕೆ. ‘ಅದಕ್ಕೇ ನಾನು ಬರಲಿಲ್ಲ’ ಅಂತ ಕಾರಣ ಹೇಳೋಕೆ ನಾವು ಹೇಗೆ ‘ಅದಕ್ಕೆ’ ಬಳಸುತ್ತೀವೋ ಹಾಗೇ. ಜೂಲಿಯೆಟ್ ಕೇಳೋದು ‘ನೀನು ಯಾತಕ್ಕೆ ರೋಮಿಯೋ ಆದೆ’ ಅಂತ. ಅಂದರೆ ನಮ್ಮ ಮನೆಗೆ ಆಗದವರ ಮನೆಯಲ್ಲೇ ಯಾಕೆ ಹುಟ್ಟಿದೆ, ಆ ಹೆಸರೇ ಯಾಕೆ ಇಟ್ಟುಕೊಂಡೆ. ಮುಂದಿನ ಸಾಲಿನಲ್ಲೇ ನಿನ್ನ ಅಪ್ಪನನ್ನು ಬಿಡು, ಹೆಸರನ್ನು ಬಿಡು ಅಂತಾಳೆ. ರೋಮಿಯೋ ಹೆಸರಿನ ಹಿಂದೆ ಅಲ್ಪವಿರಾಮ ಹಾಕಿದರೆ ಇಡೀ ದೃಶ್ಯ ಕೆಟ್ಟಿತು.

‘ಹ್ಯಾಪ್ಲಿ’ ಅನ್ನೋದು ‘ಹ್ಯಾಪಿಲಿ’ಯ ಹಳೇ ಸ್ಪೆಲ್ಲಿಂಗಾ?
*— ಮಲ್ಲೇಶ್ವರದ ನಿವೃತ್ತ ಶಿಕ್ಷಕಿ*

ಈ ಪ್ರಶ್ನೆ ಓದಿ ನನ್ನ ಕಿವಿ ಬಿಸಿಯಾಯಿತು ಮೇಡಂ.

ಕೆಲಸಕ್ಕೆ ಸೇರಿ ಎರಡೋ ಮೂರೋ ವರ್ಷ ಆಗಿತ್ತು. ಕಾಲೇಜಿನ ವಾರ್ಷಿಕ ಸಂಚಿಕೆಯ ಇಂಗ್ಲಿಷ್ ಭಾಗದ ಪ್ರೂಫ್ ನೋಡೋದು ನನ್ನ ತಲೆಗೆ ಬಂತು. ಚಾಮರಾಜಪೇಟೆಯ ಒಂದು ಪ್ರೆಸ್. ಆಗಿನ್ನೂ ಮೊಳೆ ಜೋಡಿಸುವ ಕಾಲ. ಪ್ರೂಫ್ ಹಾಳೆ ಮುಟ್ಟಿದರೆ ಮಸಿ, ಟೀ ಲೋಟದ ಮೇಲೂ ಮಸಿ. ಆ ವರ್ಷ ಪ್ರಿನ್ಸಿಪಾಲರು ನಿವೃತ್ತರಾಗುತ್ತಿದ್ದರು. ವಿದಾಯದ ಲೇಖನ ಬರೆದಿದ್ದರು. ಕೊನೆಯ ವಾಕ್ಯ: ‘ಹ್ಯಾಪ್ಲಿ ವಿ ಶಲ್ ನಾಟ್ ಮೀಟ್ ಅಗೇನ್.’ ಬಹುಶಃ ನಾವು ಮತ್ತೆ ಸಿಗಲಿಕ್ಕಿಲ್ಲ ಅಂತ. ನಾನು ನೋಡಿದೆ. ಕಂಪೋಸಿಟರ್ ಒಂದು ‘ಪಿ’ ಒಂದು ‘ಐ’ ನುಂಗಿದ್ದಾನೆ ಅನ್ನಿಸಿತು. ಎರಡನ್ನೂ ಸೇರಿಸಿ, ಅಂಚಿನಲ್ಲಿ ಠೀವಿಯಿಂದ ಇನಿಷಿಯಲ್ ಹಾಕಿದೆ.

ಅಚ್ಚಾಗಿ ಬಂತು: ‘ಸಂತೋಷದ ವಿಷಯ ಏನೆಂದರೆ ನಾವು ಮತ್ತೆ ಭೇಟಿಯಾಗುವುದಿಲ್ಲ.’

ಅವರು ಸಿಟ್ಟಿನ ಮನುಷ್ಯ ಅಂತ ಹೆಸರಾದವರು. ಸ್ಟಾಫ್ ರೂಮಿಗೆ ಸಂಚಿಕೆ ಹಿಡಿದು ಬಂದರು. ನನ್ನ ಮೇಜಿನ ಮೇಲೆ ಆ ಪುಟ ತೆಗೆದಿಟ್ಟು, “ಬರೆಯೋಕೆ ಧೈರ್ಯ ಬಂದಿರಲಿಲ್ಲ, ನೀವೇ ಬರೆದುಬಿಟ್ಟಿರಿ” ಅಂದು ಹೊರಟುಹೋದರು. ಅವರು ನಕ್ಕರೋ ಇಲ್ಲವೋ ನನಗೆ ತಲೆ ಎತ್ತಿ ನೋಡೋಕೆ ಆಗಲಿಲ್ಲ. ನಾನೂ ಅಟೆಂಡರೂ ಎರಡು ಸಂಜೆ ಕೂತು ಪ್ರತಿಯೊಂದು ಪ್ರತಿಗೂ ಬೆರಳಗಲದ ತಿದ್ದೋಲೆ ಅಂಟಿಸಿದೆವು. ಗೋಂದಿನ ವಾಸನೆ ಈಗಲೂ ಮೂಗಿನಲ್ಲಿದೆ.

ಆದರೆ ನೀವು ಕೇಳಿದ್ದರಲ್ಲಿ ಅರ್ಧ ನಿಜ ಇದೆ. ‘ಹ್ಯಾಪ್’ ಅಂದರೆ ಹಳೇ ಇಂಗ್ಲಿಷಿನಲ್ಲಿ ಅದೃಷ್ಟ, ಆಕಸ್ಮಿಕ. ತಾನಾಗಿ ಒದಗಿಬಂದದ್ದು ‘ಹ್ಯಾಪನ್’. ಅದು ಇಲ್ಲದವನು ‘ಹ್ಯಾಪ್‌ಲೆಸ್’. ‘ಪರ್‌ಹ್ಯಾಪ್ಸ್’ ಒಳಗೂ ಅದೇ ಕೂತಿದೆ. ‘ಹ್ಯಾಪಿ’ ಅಂದರೂ ಮೊದಲು ಅದೃಷ್ಟವಂತ ಅಂತಲೇ ಇದ್ದದ್ದು. ಸಂತೋಷ ಆಮೇಲೆ ಬಂದು ಸೇರಿಕೊಂಡಿತು. ಹಾಗಾಗಿ ‘ಹ್ಯಾಪ್ಲಿ’, ‘ಹ್ಯಾಪಿಲಿ’ ಅಕ್ಕತಂಗಿಯರೇ. ಅಕ್ಕ ಅಂದರೆ ಬಹುಶಃ, ಅಕಸ್ಮಾತ್, ಒಂದು ವೇಳೆ. ತಂಗಿ ಅಂದರೆ ಸಂತೋಷವಾಗಿ. ಒಬ್ಬಳ ಜಾಗದಲ್ಲಿ ಇನ್ನೊಬ್ಬಳನ್ನು ಕೂರಿಸಿದರೆ ಏನಾಗುತ್ತೆ ಅಂತ ಈಗ ನಿಮಗೂ ಗೊತ್ತಾಯಿತು.

‘ಅನಾನ್’ ಅಂದರೆ ತಕ್ಷಣವೋ, ಸ್ವಲ್ಪ ಹೊತ್ತಿನ ಮೇಲೋ? ಎರಡು ನಿಘಂಟು ಎರಡು ಹೇಳುತ್ತವೆ.
*— ಹನುಮಂತನಗರದ ಓದುಗರು*

ಎರಡೂ ಸರಿ. ತಪ್ಪು ಮನುಷ್ಯರದ್ದು.

ಗಾಂಧಿ ಬಜಾರಿನ ಒಂದು ಹೋಟೆಲಿನಲ್ಲಿ ಕೂತು ‘ಒಂದು ಕಾಫಿ’ ಅನ್ನಿ. “ಬಂದೇ ಸಾರ್” ಅನ್ನುತ್ತಾರೆ. ವ್ಯಾಕರಣದಲ್ಲಿ ಅದು ಭೂತಕಾಲ. ಆಗಲೇ ಬಂದಾಗಿದೆ. ಆದರೆ ಕಾಫಿ ಬರೋದು ಪಕ್ಕದ ಮೇಜಿನವರ ದೋಸೆ ಮುಗಿದ ಮೇಲೆ. 1598ರಲ್ಲಿ ಅಚ್ಚಾದ ಷೇಕ್ಸ್‌ಪಿಯರನ ‘ನಾಲ್ಕನೇ ಹೆನ್ರಿ’ ಮೊದಲ ಭಾಗದಲ್ಲಿ ಫ್ರಾನ್ಸಿಸ್ ಅಂತ ಒಬ್ಬ ಹೆಂಡದಂಗಡಿಯ ಹುಡುಗ ಇದ್ದಾನೆ. ರಾಜಕುಮಾರ ಅವನನ್ನು ಮಾತಿಗೆ ಹಿಡಿದಿದ್ದಾನೆ, ಪಕ್ಕದ ಕೋಣೆಯಿಂದ ಗಿರಾಕಿ ಕೂಗುತ್ತಾನೆ. ಹುಡುಗ ಪ್ರತಿ ಸಲವೂ ‘ಅನಾನ್, ಅನಾನ್, ಸರ್’ ಅಂತಾನೆ, ಕಾಲು ಮಾತ್ರ ಕೀಳಲ್ಲ. ಕನ್ನಡಕ್ಕೆ ತರುವವರು ‘ಬಂದೇ ಬಂದೇ ಸಾರ್’ ಅಂತ ಬಿಟ್ಟು ಬೇರೆ ಹಾಕಿದರೆ ನಾನು ಒಪ್ಪಲ್ಲ.

ಪದದ ಹುಟ್ಟು ‘ಆನ್ ಆನ್’, ಒಂದರೊಳಗೆ, ಅಂದರೆ ಒಂದೇ ಏಟಿಗೆ. ನಮ್ಮ ‘ಒಂದೇ ನಿಮಿಷ’ ಇದ್ದ ಹಾಗೆ. ತಕ್ಷಣ ಅಂತಲೇ ಇತ್ತು. ಹೇಳಿದವರು ತಕ್ಷಣ ಬರಲಿಲ್ಲ. ಪದ ಸವೆಯಿತು. ಇದೊಂದೇ ಅಲ್ಲ. ‘ಸೂನ್’ ಅಂದರೂ ಮೊದಲು ತಕ್ಷಣ, ‘ಪ್ರೆಸೆಂಟ್ಲಿ’ ಅಂದರೂ ತಕ್ಷಣ. ‘ಬೈ ಆ್ಯಂಡ್ ಬೈ’ ಕೂಡ. ಕಿಂಗ್ ಜೇಮ್ಸ್ ಬೈಬಲ್ಲಿನ ಮಾರ್ಕನ ಸುವಾರ್ತೆಯಲ್ಲಿ ರಾಜ ಹೆರೋದನ ಮುಂದೆ ಕುಣಿದ ಹುಡುಗಿ ಸ್ನಾನಿಕ ಯೋಹಾನನ ತಲೆಯನ್ನು ‘ಬೈ ಆ್ಯಂಡ್ ಬೈ’ ಕೊಡು ಅಂತಾಳೆ. ನಿಧಾನಕ್ಕೆ ಕೊಡು ಅಂತಲ್ಲ, ಈಗಿಂದೀಗಲೇ ಅಂತ. ನಾಲ್ಕು ಪದ, ನಾಲ್ಕಕ್ಕೂ ಅದೇ ಗತಿ. 

‘ಪ್ರೆಸೆಂಟ್ಲಿ’ ಬಗ್ಗೆ ಸ್ವಲ್ಪ ಹುಷಾರು. ನಾವು ಅದನ್ನು ‘ಸದ್ಯಕ್ಕೆ’ ಅಂತ ಬಳಸುತ್ತೀವಿ. ಹಳೇ ಕಾಲದ ಬ್ರಿಟಿಷರಿಗೆ ಅದು ‘ಇನ್ನು ಸ್ವಲ್ಪ ಹೊತ್ತಿಗೆ’.

ಜರ್ಮನಿಯಲ್ಲಿರುವ ಮಗ ಹೇಳುತ್ತಾನೆ, ಅವರಿಗೂ ನಮ್ಮ ಹಾಗೆ ನಾಡಿದ್ದು, ಮೊನ್ನೆ ಇದೆಯಂತೆ. ಇಂಗ್ಲಿಷಿಗೆ ಮಾತ್ರ ಯಾಕೆ ಇಲ್ಲ?
*— ಬನಶಂಕರಿಯ ಓದುಗರು*

ಇತ್ತು. ನಾಡಿದ್ದಿಗೆ ‘ಓವರ್‌ಮಾರೋ’. 1535ರಲ್ಲಿ ಅಚ್ಚಾದ, ಕವರ್‌ಡೇಲ್ ಅನ್ನುವವನು ಇಂಗ್ಲಿಷಿಗೆ ತಂದ ಬೈಬಲ್ಲಿನಲ್ಲಿ ಸಿಗುತ್ತದೆ. ಮೊನ್ನೆಗೆ ‘ಏರ್‌ಯೆಸ್ಟರ್‌ಡೇ’, ನಿನ್ನೆಗಿಂತ ಮುಂಚೆ. ನಿನ್ನೆ ಸಂಜೆಗೆ ‘ಯೆಸ್ಟ್ರೀನ್’ ಅಂತ ಸ್ಕಾಟ್ಲೆಂಡಿನವರ ಚೆಂದದ ಪದ. ಜರ್ಮನ್ನರು ‘ಯೂಬರ್‌ಮಾರ್ಗನ್’ ಉಳಿಸಿಕೊಂಡರು, ಇವರು ಬಿಟ್ಟುಕೊಟ್ಟರು. ಈಗ ‘ದಿ ಡೇ ಆಫ್ಟರ್ ಟುಮಾರೋ’ ಅಂತ ನಾಲ್ಕು ಪದ ಎಳೆಯಬೇಕು. ದಿನ ಬಿಟ್ಟು ದಿನ ನೀರು ಬರುವ ನಮ್ಮ ಬೀದಿಯಲ್ಲಿ ‘ನಾಡಿದ್ದು’ ಇಲ್ಲದೆ ಸಂಸಾರವೇ ನಡೆಯಲ್ಲ. ಇಂಗ್ಲೆಂಡಿನಲ್ಲಿ ನಲ್ಲಿ ದಿನಾ ಬರುತ್ತೇನೋ.

ಮಗಳಿಗೆ ಓದಿ ಹೇಳುತ್ತಿದ್ದ ಹಳೇ ಕತೆಯಲ್ಲಿ ಒಬ್ಬ ಹುಡುಗಿ ಚರ್ಚಿನ ಸುತ್ತ ‘ವಿಡರ್‌ಶಿನ್ಸ್’ ಓಡಿ ಮಾಯವಾಗುತ್ತಾಳೆ. ಏನಿದು?
*— ಗಿರಿನಗರದಿಂದ ಒಬ್ಬ ತಾಯಿ*

ಈ ಕಟ್ಟಿನಲ್ಲಿ ನನಗೆ ಅತಿ ಇಷ್ಟವಾದ ಪತ್ರ. ‘ವಿಡರ್‌ಶಿನ್ಸ್’ ಅಂದರೆ ಅಪ್ರದಕ್ಷಿಣೆಯಾಗಿ. ಸ್ಕಾಟ್ಲೆಂಡಿನ ಕಡೆಯ ಮಾತು. ‘ವಿಡರ್’ ಅಂದರೆ ವಿರುದ್ಧ, ‘ಶಿನ್’ ಅಂದರೆ ದಾರಿ, ದಿಕ್ಕು. ಉಲ್ಟಾ ದಾರಿ ಅಂತ ಶುರುವಾಗಿ ಸೂರ್ಯ ಹೋಗುವ ದಿಕ್ಕಿಗೆ ಎದುರು ಅಂತ ನಿಂತಿತು. ಹಾಗೆ ಸುತ್ತಿದರೆ ಅಪಶಕುನ, ಯಕ್ಷಿಣಿಯರ ರಾಜ ಹೊತ್ತುಕೊಂಡು ಹೋಗುತ್ತಾನೆ. ನಿಮ್ಮ ಕತೆಯ ಹುಡುಗಿಗೆ ಆದದ್ದೂ ಅದೇ. ಪಾಪ, ಚೆಂಡು ತರೋಕೆ ಓಡಿದ್ದು.

ಇದರ ಎದುರು ಪದ ‘ಡೀಸಲ್’. ಪೆಟ್ರೋಲ್ ಬಂಕಿನದ್ದಲ್ಲ, ಅದು ಒಬ್ಬ ಜರ್ಮನ್ ಎಂಜಿನಿಯರಿನ ಹೆಸರು. ಇದು ಸ್ಕಾಟ್ಲೆಂಡಿನ ಗೇಲಿಕ್ ಭಾಷೆಯಿಂದ ಬಂದದ್ದು. ಸೂರ್ಯನ ಜೊತೆ, ಬಲಗಡೆಯಿಂದ, ಶುಭವಾಗಿ. ಅದರಲ್ಲಿರುವ ಗೇಲಿಕ್ ಪದ ‘ಜೆಸ್’ ಅಂತ ಉಚ್ಚಾರ ಇರುವ ‘ಡೆಸ್’. ಅದಕ್ಕೆ ಎರಡು ಅರ್ಥ: ಬಲ ಮತ್ತು ತೆಂಕಣ. ಎಲ್ಲೋ ಕೇಳಿದ ಹಾಗಿದೆ ಅಲ್ವಾ? ಸಂಸ್ಕೃತದ ‘ದಕ್ಷಿಣ’ಕ್ಕೂ ಅವೇ ಎರಡು ಅರ್ಥ. ಎರಡೂ ಒಂದೇ ಬೇರಿನವು, ಲ್ಯಾಟಿನ್ನಿನ ‘ಡೆಕ್ಸ್‌ಟರ್’ ಕೂಡ ಅಲ್ಲೇ ಹುಟ್ಟಿದ್ದು. ಬೆಳಗ್ಗೆ ಸೂರ್ಯನಿಗೆ ಮುಖ ಮಾಡಿ ನಿಂತರೆ ಬಲಗೈ ಇರೋದು ದಕ್ಷಿಣಕ್ಕೆ. ಸ್ಕಾಟ್ಲೆಂಡಿನ ಗುಡ್ಡದ ಮೇಲೆ ನಿಂತರೂ ಅಷ್ಟೇ, ಬಸವನಗುಡಿಯ ಬ್ಯೂಗಲ್ ರಾಕ್ ಮೇಲೆ ನಿಂತರೂ ಅಷ್ಟೇ. 

ಹಳೇ ಕನ್ನಡದಲ್ಲಿ ಪ್ರದಕ್ಷಿಣೆ ಹಾಕೋದಕ್ಕೆ ‘ಬಲಗೊಳ್ಳು’ ಅಂತಲೇ ಇದೆ. ನಿಮ್ಮ ಮಗಳನ್ನು ಈ ಭಾನುವಾರ ಒಂದು ಶಿವನ ಗುಡಿಗೆ ಕರಕೊಂಡು ಹೋಗಿ. ಶಾಸ್ತ್ರ ಪಾಲಿಸುವವರು ಅಲ್ಲಿ ಪೂರ್ತಿ ಸುತ್ತು ಹಾಕಲ್ಲ. ಅಭಿಷೇಕದ ನೀರು ಹೊರಬರುವ ಸೋಮಸೂತ್ರದ ತನಕ ಹೋಗಿ, ಅದನ್ನು ದಾಟದೆ, ಬಂದ ದಾರಿಯಲ್ಲೇ ತಿರುಗಿ ಬರುತ್ತಾರೆ. ಹೋಗುವಾಗ ಡೀಸಲ್, ಬರುವಾಗ ವಿಡರ್‌ಶಿನ್ಸ್. ಒಂದೇ ಸುತ್ತಿನಲ್ಲಿ ಎರಡೂ ಪದ ಬಾಯಿಪಾಠ ಆಗುತ್ತೆ. ಯಾರೂ ಮಾಯವಾಗಲ್ಲ.

ಸಭೆಯಲ್ಲಿ ನನ್ನನ್ನು ‘ಅವರ್ ಎರ್ಸ್ಟ್‌ವೈಲ್ ಸೆಕ್ರೆಟರಿ’ ಅಂತ ಪರಿಚಯಿಸಿದರು. ಇದು ಗೌರವದ ಮಾತೇ?
*— ಜಯನಗರದ ಹಿರಿಯರು*

ಗೌರವವೂ ಅಲ್ಲ, ಅವಮಾನವೂ ಅಲ್ಲ. ‘ಹಿಂದೆ ಇದ್ದ’ ಅಂತ. ಮೊದಲು ಇದು ಕ್ರಿಯಾವಿಶೇಷಣ, ‘ಹಿಂದೊಮ್ಮೆ’ ಅಂತ ಅರ್ಥ. ಈಗ ಹೆಸರಿನ ಹಿಂದೆ ನಿಲ್ಲುವ ವಿಶೇಷಣ ಆಗಿದೆ. ನಮ್ಮ ಪತ್ರಿಕೆಗಳಿಗೆ ಬಲು ಪ್ರೀತಿ: ‘ಎರ್ಸ್ಟ್‌ವೈಲ್ ಮೈಸೂರು ಸ್ಟೇಟ್’. 1973ರ ನವೆಂಬರ್ 1ಕ್ಕೆ ಕರ್ನಾಟಕ ಅಂತ ಹೆಸರಾಯಿತು. ಅಲ್ಲಿಂದ ಈ ಪದಕ್ಕೆ ಬಿಡುವಿಲ್ಲ. ಇದರ ಸೋದರ ‘ವೈಲಂ’. ಹಳೇ ಇಂಗ್ಲಿಷ್ ಕವಿ ಚಾಸರನ ಕುದುರೆಸವಾರ ವೀರ ಹೇಳುವ ಕತೆ ಶುರುವಾಗೋದೇ ಈ ಪದದಿಂದ, ನಮ್ಮ ‘ಒಂದಾನೊಂದು ಕಾಲದಲ್ಲಿ’ ಇದ್ದ ಹಾಗೆ. ಆ ಕೊನೆಯ ‘ಅಂ’ ಹಳೇ ಇಂಗ್ಲಿಷಿನ ವಿಭಕ್ತಿಯ ಬಾಲ. ಅದನ್ನು ನೋಡಿಯೇ ‘ಸೆಲ್ಡಂ’ ಕೂಡ ಅದೇ ಬಾಲ ಅಂಟಿಸಿಕೊಂಡಿತು. ವೈಲಂ ಹೋಯಿತು, ಸೆಲ್ಡಂ ಉಳಿಯಿತು.

‘ಥ್ರೈಸ್’ ಅಂದರೆ ವಿದೇಶಿ ಸಹೋದ್ಯೋಗಿಗಳು ನಗುತ್ತಾರೆ. ಹಳೇದಾ?
*— ವೈಟ್‌ಫೀಲ್ಡ್‌ನಿಂದ*

ಅವರಿಗೆ ಹಳೇದು, ಅವರು ‘ತ್ರೀ ಟೈಮ್ಸ್’ ಅಂತಾರೆ. ನಮಗೆ ‘ಇಂಪೊಸಿಷನ್ ಥ್ರೈಸ್ ಬರಿ’ ಅಂತ ಹೇಳಿಸಿಕೊಂಡು ಬೆಳೆದವರಿಗೆ ದಿನಬಳಕೆ. ಒನ್ಸ್, ಟ್ವೈಸ್ ಇರಬಹುದು, ಥ್ರೈಸ್ ಇರಬಾರದಾ? ಬಿಡಬೇಡಿ.

‘ಫರ್‌ಸೂತ್’, ‘ವೆರಿಲಿ’ ಎರಡೂ ‘ನಿಜವಾಗಿ’ ತಾನೆ?
*— ಶಿವಾಜಿನಗರದ ಓದುಗರು*

ಹುಟ್ಟಿನಲ್ಲಿ ಹೌದು. ‘ಸೂತ್’ ಅಂದರೆ ಸತ್ಯ. ‘ವೆರಿ’ ಅಂದರೂ ಮೊದಲು ನಿಜ ಅಂತಲೇ, ‘ಬಹಳ’ ಅನ್ನೋದು ಆಮೇಲಿನ ಅರ್ಥ. ‘ವೆರಿಲಿ’ ಬೈಬಲ್ಲಿನಲ್ಲಿ ಗಂಭೀರವಾಗಿಯೇ ಉಳಿಯಿತು. ಯೋಹಾನನ ಸುವಾರ್ತೆಯಲ್ಲಿ ಅದು ಜೋಡಿಯಾಗಿ ಬರುತ್ತೆ, ಕನ್ನಡ ಬೈಬಲ್ಲಿನಲ್ಲಿ ‘ನಿಜನಿಜವಾಗಿ’. ‘ಫರ್‌ಸೂತ್’ ಮಾತ್ರ ಬಾಯಿಂದ ಬಾಯಿಗೆ ಬಿದ್ದು ಕುಹಕ ಕಲಿಯಿತು. ‘ಅವನು ಫರ್‌ಸೂತ್ ಕವಿ’ ಅಂದರೆ ‘ಅವನು ಕವಿಯಂತೆ, ಕವಿ’. ನಮ್ಮ ‘ಅಂತೆ’ಗೆ ತುಟಿಯ ಒಂದು ಕೊಂಕು ಸೇರಿಸಿದರೆ ಸರಿಹೋಗುತ್ತೆ.

ಮಗಳು ಕೆಲಸದ ಅರ್ಜಿಯಲ್ಲಿ ‘ಎನ್‌ಕ್ಲೋಸ್ಡ್ ಹಿಯರ್‌ವಿತ್’ ಅಂತ ಬರೆದಿದ್ದಾಳೆ. ತಪ್ಪಾ? ತೆಗೆಸಲಾ?
*— ಹೆಬ್ಬಾಳದ ತಂದೆ*

ತಪ್ಪಲ್ಲ, ತೆಗೆಸಿ. ಇದರ ಜೊತೆ ಲಗತ್ತಿಸಿದೆ ಅಂತ ಅರ್ಥ. ಲಗತ್ತಿಸಿದೆ ಅಂದರೆ ಸಾಕಲ್ಲ, ಇನ್ನೇನು ಪಕ್ಕದ ಮನೆಯವರ ಅರ್ಜಿ ಜೊತೆ ಲಗತ್ತಿಸ್ತಾಳಾ?